ನಿವೃತ್ತಿ ಹಣ ತಡವಾದರೆ ಬಡ್ಡಿ ಕೇಳುವುದು ನಿಮ್ಮ ಹಕ್ಕು

ನಮ್ಮ ಧರ್ಮಕೇಂದ್ರಗಳಲ್ಲಿ ಸರ್ಕಾರಿ ಸೇವೆಯಿಂದ ನಿವೃತ್ತರಾದ ಶಿಕ್ಷಕರು, ದಾದಿಯರು, ಗುಮಾಸ್ತರು ಅನೇಕರಿದ್ದಾರೆ. ನಿವೃತ್ತಿಯ ದಿನ ಹಾರ, ಶಾಲು ಸಿಗುತ್ತದೆ. ಆದರೆ ಪಿಂಚಣಿ, ಗ್ರಾಚ್ಯುಟಿ, ರಜೆ ನಗದೀಕರಣದ ಹಣ ಕೆಲವರಿಗೆ ತಿಂಗಳುಗಟ್ಟಲೆ, ಮತ್ತೆ ಕೆಲವರಿಗೆ ವರ್ಷಗಟ್ಟಲೆ ಬರುವುದಿಲ್ಲ. ಅಷ್ಟರಲ್ಲಿ ಮನೆ ಸಾಲದ ಕಂತು, ಮಗಳ ಮದುವೆ, ಆಸ್ಪತ್ರೆ ಖರ್ಚಿಗಾಗಿ ಬಡ್ಡಿಗೆ ಸಾಲ ಮಾಡಬೇಕಾಗುತ್ತದೆ. ಕೊನೆಗೆ ಹಣ ಬಂದಾಗ "ಬಂತಲ್ಲ, ದೇವರಿಗೆ ಸ್ತುತಿ" ಎಂದು ಸುಮ್ಮನಾಗುತ್ತಾರೆ. ತಡವಾದ ಅವಧಿಗೆ ಬಡ್ಡಿ ಕೇಳಬಹುದೆಂಬುದು ಹೆಚ್ಚಿನವರಿಗೆ ತಿಳಿದಿಲ್ಲ.

ದಾನವಲ್ಲ, ಹಕ್ಕು

ಪಿಂಚಣಿಯು ಸರ್ಕಾರ ದಯೆಯಿಂದ ಕೊಡುವ ಹಣವಲ್ಲ, ಅದು ನೌಕರನ ಹಕ್ಕು ಎಂದು ಸುಪ್ರೀಂ ಕೋರ್ಟು 1971ರಲ್ಲೇ ದೇವಕಿನಂದನ್ ಪ್ರಸಾದ್ ಪ್ರಕರಣದಲ್ಲಿ ಹೇಳಿದೆ. 1984ರ ಡಿಸೆಂಬರ್‌ನಲ್ಲಿ ತೀರ್ಮಾನವಾದ ಕೇರಳ ಸರ್ಕಾರ ಮತ್ತು ಪದ್ಮನಾಭನ್ ನಾಯರ್ ಪ್ರಕರಣ ಇನ್ನೂ ಮುಖ್ಯವಾದುದು. 1973ರಲ್ಲಿ ನಿವೃತ್ತರಾದ ಅವರಿಗೆ ಹಣ ಸಿಕ್ಕಿದ್ದು ಎರಡು ವರ್ಷ ಮೂರು ತಿಂಗಳ ಬಳಿಕ. ಕಾರಣ, ಕೊನೆಯ ವೇತನ ಪ್ರಮಾಣ ಪತ್ರ ಸಕಾಲದಲ್ಲಿ ಹೋಗಿರಲಿಲ್ಲ. ಇಲಾಖೆಯ ತಪ್ಪಿನಿಂದ ವಿಳಂಬವಾದರೆ ಬಡ್ಡಿ ಕೊಡಲೇಬೇಕು, ನಿವೃತ್ತಿಯಾಗಿ ಎರಡು ತಿಂಗಳು ಕಳೆದ ಮೇಲೆ ಆ ಹೊಣೆ ಆರಂಭವಾಗಬೇಕು ಎಂದು ನ್ಯಾಯಾಲಯ ಹೇಳಿತು.

ಬಡ್ಡಿಗೆ ನಿಯಮವೇ ಇಲ್ಲ ಎಂದರೆ?

ಕಛೇರಿಗಳಲ್ಲಿ ಸಾಮಾನ್ಯವಾಗಿ ಸಿಗುವ ಉತ್ತರ ಇದು. ಹರಿಯಾಣದ ಎಂಜಿನಿಯರ್ ಎಸ್.ಕೆ. ದುವಾ ಅವರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2008ರಲ್ಲಿ ಇದಕ್ಕೆ ಉತ್ತರ ನೀಡಿದೆ. ನಿಯಮವಿದ್ದರೆ ಅದರಂತೆ ಕೇಳಬಹುದು. ಇಲ್ಲದಿದ್ದರೂ ಸಂವಿಧಾನದ 14, 19 ಮತ್ತು 21ನೇ ವಿಧಿಗಳ ಆಧಾರದಲ್ಲಿ ಕೇಳಬಹುದು.

ಬಡ್ಡಿಯ ದರ ಎಲ್ಲಾ ಪ್ರಕರಣಗಳಲ್ಲೂ ಒಂದೇ ಅಲ್ಲ. 2021ರಲ್ಲಿ ಆಂಧ್ರಪ್ರದೇಶದ ಪ್ರಕರಣವೊಂದರಲ್ಲಿ ಹೈಕೋರ್ಟು ಶೇಕಡಾ 12 ಎಂದದ್ದನ್ನು ಸುಪ್ರೀಂ ಕೋರ್ಟು ಶೇಕಡಾ 6ಕ್ಕೆ ಇಳಿಸಿತು. ಶೇಕಡಾ 6 ಎಂದರೂ 10 ಲಕ್ಷ ರೂಪಾಯಿಗೆ ಒಂದು ವರ್ಷಕ್ಕೆ 60,000 ರೂಪಾಯಿ ಆಗುತ್ತದೆ. ಇದು ಬಿಟ್ಟುಬಿಡುವಂತಹ ಮೊತ್ತವಲ್ಲ.

ಯಾವಾಗ ತಡೆಹಿಡಿಯಬಹುದು?

ಎಲ್ಲಾ ವಿಳಂಬಕ್ಕೂ ಬಡ್ಡಿ ಸಿಗುವುದಿಲ್ಲ. ನೌಕರರೇ ದಾಖಲೆ ಕೊಡದೆ ತಡಮಾಡಿದ್ದರೆ ಅವರ ವಾದ ದುರ್ಬಲವಾಗುತ್ತದೆ. ಇಲಾಖಾ ವಿಚಾರಣೆ ಅಥವಾ ನ್ಯಾಯಾಲಯದಲ್ಲಿ ಮೊಕದ್ದಮೆ ಬಾಕಿ ಇದ್ದರೆ ಗ್ರಾಚ್ಯುಟಿ ನಿಲ್ಲಿಸಲು ನಿಯಮದಲ್ಲೇ ಅವಕಾಶವಿರುತ್ತದೆ. ಆದರೆ ನಿಯಮದ ಬಲವಿಲ್ಲದೆ, ಬರೀ ಸುತ್ತೋಲೆಯ ಆಧಾರದಲ್ಲಿ ತಡೆಹಿಡಿಯುವಂತಿಲ್ಲ. ಪಿಂಚಣಿಯು 300-ಎ ವಿಧಿಯಡಿ ಆಸ್ತಿ ಎಂದು 2013ರ ಜಾರ್ಖಂಡ್ ಪ್ರಕರಣದಲ್ಲಿ ತೀರ್ಪಾಗಿದೆ. ಕರ್ನಾಟಕದಲ್ಲಿ ನಿವೃತ್ತಿಯ ನಂತರ ಹೊಸದಾಗಿ ಇಲಾಖಾ ವಿಚಾರಣೆ ಆರಂಭಿಸಬೇಕಾದರೆ ಸರ್ಕಾರದ ಮಂಜೂರಾತಿ ಬೇಕು. ನಾಲ್ಕು ವರ್ಷಕ್ಕಿಂತ ಹಿಂದಿನ ಘಟನೆಯನ್ನು ಎತ್ತುವಂತಿಲ್ಲ.

ಏನು ಮಾಡಬೇಕು?

1. ನಿವೃತ್ತಿಗೆ ಮೊದಲೇ ಸೇವಾ ಪುಸ್ತಕ ನೋಡಿಕೊಳ್ಳಿ. ಹೆಸರು, ಜನ್ಮ ದಿನಾಂಕ, ವೇತನ ನಿಗದಿ, ನಾಮನಿರ್ದೇಶನ ಸರಿ ಇದೆಯೇ ಎಂದು ಪರಿಶೀಲಿಸಿ. ದಾಖಲೆ ಕೊಟ್ಟದ್ದಕ್ಕೆ ಸ್ವೀಕೃತಿ ಪಡೆಯಿರಿ.

2. ಎರಡು ತಿಂಗಳು ಕಳೆದರೂ ಹಣ ಬಾರದಿದ್ದರೆ ಕಛೇರಿಯ ಮುಖ್ಯಸ್ಥರಿಗೆ ಲಿಖಿತ ಮನವಿ ಕೊಡಿ. ಅದರಲ್ಲಿ ಬಡ್ಡಿಯನ್ನೂ ಸ್ಪಷ್ಟವಾಗಿ ಕೇಳಿ. ಬಾಯಿಮಾತಿನ ಭರವಸೆ ಮುಂದೆ ಉಪಯೋಗಕ್ಕೆ ಬಾರದು.

3. ಕಡತ ಎಲ್ಲಿದೆ ಎಂದು ಮಾಹಿತಿ ಹಕ್ಕು ಕಾಯ್ದೆಯಡಿ ಕೇಳಿ. 30 ದಿನಗಳೊಳಗೆ ಉತ್ತರ ಕೊಡಬೇಕು. ತಡಮಾಡಿದ್ದು ಯಾರೆಂದು ತೋರಿಸಲು ಈ ಉತ್ತರವೇ ಸಾಕ್ಷಿ.

4. ಹಣ ಬಂದಾಗ ಅಸಲನ್ನು ಪಡೆದುಕೊಳ್ಳಿ. ಆದರೆ "ಇನ್ನು ಯಾವುದೇ ಬಾಕಿ ಇಲ್ಲ" ಎಂದು ಬರೆದುಕೊಡಬೇಡಿ.

5. ಮನವಿಗೆ ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಆ ನಂತರ ಒಂದು ವರ್ಷದೊಳಗೆ ಆಡಳಿತ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಮನವಿ ತಿರಸ್ಕೃತವಾದರೆ ಆ ಆದೇಶದಿಂದ ಒಂದು ವರ್ಷ. ರಾಜ್ಯ ನೌಕರರಿಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಕೇಂದ್ರ ನೌಕರರಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿ ಇದೆ. ನಮ್ಮ ಅನುದಾನಿತ ಶಾಲೆಗಳ ಶಿಕ್ಷಕರು ಸರ್ಕಾರಿ ನೌಕರರಲ್ಲವಾದ್ದರಿಂದ ಪಿಂಚಣಿ ವಿಚಾರದಲ್ಲಿ ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಬೇಕು.

ನೌಕರರು ತೀರಿಕೊಂಡಿದ್ದರೆ ಪತ್ನಿ ಅಥವಾ ಪತಿ, ಮಕ್ಕಳು ವಾರಸುದಾರರಾಗಿ ಇದೇ ಹಕ್ಕನ್ನು ಕೇಳಬಹುದು. ಕಛೇರಿಯ ಪರಿಚಯವಿಲ್ಲದ ವಿಧವೆಯರೇ ಇಲ್ಲಿ ಹೆಚ್ಚು ಕಷ್ಟ ಪಡುವವರು. ನಿಮ್ಮ ವಾಳೆಯಲ್ಲಿ ಅಂಥವರಿದ್ದರೆ ಮನವಿ ಬರೆದುಕೊಡಿ, ಒಮ್ಮೆ ಜೊತೆಯಲ್ಲಿ ಕಛೇರಿಗೆ ಹೋಗಿಬನ್ನಿ. ದುಡಿದವನ ಕೂಲಿಯನ್ನು ತಡೆಹಿಡಿಯಬಾರದೆಂದು ಪವಿತ್ರ ಗ್ರಂಥವೂ ಹೇಳುತ್ತದೆ. ನ್ಯಾಯಾಲಯಗಳು ಹೇಳಿರುವುದೂ ಅದನ್ನೇ.