ಹಳೆಯ ಸುರುಳಿಗಳ ಶೋಧ

ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ಫಿಲ್ಮು ಉಗ್ರಾಣಗಳು ಪುಣೆಯ ಕೋಥರೂಡದಲ್ಲಿಯೂ ಇರುವುದು, ಅಲ್ಲಿಯೇ ನೆಲಸಿರುವ ನಮ್ಮ ವಾಚಕರಲ್ಲಿ ಹಲವರಿಗೆ ತಿಳಿದಿರಲಾರದು.

ಸಾಕ್ಷ್ಯಚಿತ್ರದಲ್ಲಿ ಗತಕಾಲದ ದೃಶ್ಯವೊಂದು ಕ್ಷಣಮಾತ್ರ ಮಿಂಚಿ ಮರೆಯಾಗುವುದನ್ನು ನಾವೆಲ್ಲ ಕಂಡಿದ್ದೇವೆ. ಅದನ್ನು ಹುಡುಕಿ ತರುವುದೇ ಕೆಲವರ ವೃತ್ತಿ. ಅವರು ಪಟ್ಟಿಗಳನ್ನು ಜಾಲಾಡಿ, ಸುರುಳಿಗಳನ್ನು ತರಿಸಿ ನೋಡಿ, ದೃಶ್ಯದ ಸ್ಥಳಕಾಲಗಳನ್ನು ನಿರ್ಣಯಿಸಿ, ಹಕ್ಕುದಾರರ ಅನುಮತಿಯನ್ನೂ ಪಡೆಯಬೇಕು. ಪಟ್ಟಿಯಲ್ಲಿಲ್ಲದ ಸಾಮಾನು ಉಗ್ರಾಣದಲ್ಲಿದ್ದರೂ ಇಲ್ಲದಂತೆಯೇ; ಹೋಟೆಲು ನಡೆಸಿದ ನಮಗಿದು ಹೊಸ ಮಾತಲ್ಲ.

ಆದರೆ ಪ್ರಥಮ ಕನ್ನಡ ವಾಕ್ಚಿತ್ರದ ವಿಷಯದಲ್ಲಿ ಎಂತಹ ಶೋಧಕರೂ ಬರಿಗೈಯಲ್ಲಿ ಮರಳಬೇಕಾಗಿದೆ. 1934ರ ‘ಸತಿ ಸುಲೋಚನ’ ತಯಾರಾದದ್ದು ನಮ್ಮ ನೆರೆಯ ಕೊಲ್ಹಾಪುರದಲ್ಲಿ. ವೈ. ವಿ. ರಾವ್ ನಿರ್ದೇಶಿಸಿ, ಸುಬ್ಬಯ್ಯ ನಾಯ್ಡು ಅವರು ನಟಿಸಿದ ಆ ಚಿತ್ರದ ಒಂದು ಪ್ರತಿಯೂ ದೊರೆತಿಲ್ಲ. ಅದರ ಕಥೆ ಹೇಳುವವರಿಗೆ ಸ್ಥಿರಚಿತ್ರಗಳೇ ಗತಿ!

ಅಂದಿನ ನೈಟ್ರೇಟ್ ಫಿಲ್ಮು ಬೆಂಕಿಗೆ ಸುಲಭದ ತುತ್ತು. 2003ರ ಜನವರಿಯಲ್ಲಿ ಪುಣೆಯಲ್ಲಿಯೇ ಅಂತಹ ಸುರುಳಿಗಳ ರಾಶಿ ಭಸ್ಮವಾಯಿತು. ಬೆಳ್ಳಿಯ ಆಸೆಗೆ ಕರಗಿಹೋದವೆಷ್ಟೋ. ಬಳಿಕ ಬಂದ ಅಸಿಟೇಟ್ ಫಿಲ್ಮು ಹಾಗೆ ಉರಿಯದಾದರೂ, ಸೆಕೆ ತೇವಗಳಿಗೆ ಕೆಟ್ಟು ವಿನೆಗರಿನಂತೆ ಹುಳಿಯಾಗಿ ನಾರುತ್ತದೆ. ಅಟ್ಟದ ಮೇಲೆ ಹಳೆಯ ಡಬ್ಬಿಗಳುಳ್ಳ ಬಂಧುಗಳು, ಅವನ್ನು ಗುಜರಿಯವನಿಗೆ ಕೊಡುವ ಮುನ್ನ ಸಂಗ್ರಹಾಲಯಕ್ಕೊಂದು ಕಾಗದ ಬರೆಯಲಿ.