ಲೆಕ್ಕಪಟ್ಟಿಯಲ್ಲಿ ಕಂಡ ಅಪರಿಚಿತ ಬಾಬತ್ತು

ಆಯವ್ಯಯಗಳನ್ನು ದಿನದಿನವೂ ಬರೆದಿಡುವುದು ಗೃಹಸ್ಥಧರ್ಮದ ಒಂದು ಅಂಗವೆಂದು ನಮ್ಮ ಹಿರಿಯರು ಎಣಿಸಿದ್ದರು. ಹಾಲಿನ ಲೆಕ್ಕವು ಗೋಡೆಯ ಮೇಲೆ ಇದ್ದಿಲ ಗೀರಾಗಿಯೂ, ಅಂಗಡಿಯ ಲೆಕ್ಕವು ಪುಟ್ಟ ಪುಸ್ತಕದಲ್ಲಿಯೂ ಇರುತ್ತಿದ್ದಿತು. ಸಂದೇಹ ಬಂದರೆ ಕೇಳುವುದಕ್ಕೆ ಎದುರಿಗೆ ಒಬ್ಬ ಮನುಷ್ಯನಿರುತ್ತಿದ್ದನು. ಈಗಲಾದರೋ ಕ್ರೆಡಿಟ್ ಕಾರ್ಡಿನ ಲೆಕ್ಕಪಟ್ಟಿಯು ತಿಂಗಳಿಗೊಮ್ಮೆ ಮೊಬೈಲಿಗೆ ಬಂದು ಬೀಳುತ್ತದೆ. ಅದರಲ್ಲಿ ನಾವು ಎಂದೂ ಕೇಳದ ಒಂದು ಹೆಸರು, ಅದರ ಮುಂದೆ ಒಂದು ಮೊತ್ತ. ಯಾರನ್ನು ಕೇಳತಕ್ಕದ್ದು?

ಈ ಪ್ರಶ್ನೆಯು ನಮ್ಮ ಊರಿಗೆ ಅಪರಿಚಿತವಾಗಿರಬಾರದು. ಅಮ್ಮೆಂಬಳ ಸುಬ್ಬರಾವ್ ಪೈಗಳು 1906ರಲ್ಲಿ ಕೆನರಾ ಬ್ಯಾಂಕನ್ನು ಕಟ್ಟಿದುದು ಮಂಗಳೂರಿನಲ್ಲಿ. 1924ರಲ್ಲಿ ಕರ್ನಾಟಕ ಬ್ಯಾಂಕು, 1931ರಲ್ಲಿ ವಿಜಯಾ ಬ್ಯಾಂಕು ಹುಟ್ಟಿದುದೂ ಇಲ್ಲಿಯೇ. ಈ ಕೊನೆಯದು 2019ರಲ್ಲಿ ಬ್ಯಾಂಕ್ ಆಫ್ ಬರೋಡದಲ್ಲಿ ಲೀನವಾಯಿತು. ಇಂತಹ ಊರಿನ ಗೃಹಸ್ಥರು ಪಾಸ್‌ಪುಸ್ತಕವನ್ನು ಸಾಲುಸಾಲಾಗಿ ಓದುವುದನ್ನು ಬಲ್ಲವರು. ಆ ಕಣ್ಣನ್ನೇ ಕಾರ್ಡಿನ ಪಟ್ಟಿಯ ಕಡೆಗೂ ತಿರುಗಿಸಬೇಕೆಂಬುದೇ ಈ ಲೇಖನದ ಉದ್ದೇಶ.

ಮೊದಲು ಹೇಳತಕ್ಕ ಮಾತೇನೆಂದರೆ, ಅಪರಿಚಿತ ಹೆಸರೆಲ್ಲವೂ ಕಳ್ಳತನವಲ್ಲ. ಮೂಡುಬಿದಿರೆಯ ಕಡೆಯಿಂದ ಬರುವ 169ನೆಯ ಹೆದ್ದಾರಿಯು 66ನೆಯ ಹೆದ್ದಾರಿಯನ್ನು ಕೂಡುವ ನಂತೂರಿನ ಒಬ್ಬ ಗೃಹಸ್ಥರ ಪಟ್ಟಿಯನ್ನು ಭಾವಿಸೋಣ. ಊರೊಳಗಿನ ಅಂಗಡಿಯಲ್ಲಿ ಕೊಂಡ ಸಾಮಾನು ಪಟ್ಟಿಯಲ್ಲಿ ಮುಂಬಯಿಯ ಕಂಪೆನಿಯೊಂದರ ಹೆಸರಿನಲ್ಲಿ ಕಾಣಬಹುದು. ಏಕೆಂದರೆ ಅಂಗಡಿಯ ಫಲಕದ ಹೆಸರು ಬೇರೆ, ಅದರ ಒಡೆತನದ ಸಂಸ್ಥೆಯ ಹೆಸರು ಬೇರೆ. ಕೆಲವೆಡೆ ಹಣವನ್ನು ವಸೂಲು ಮಾಡಿಕೊಡುವ ಮಧ್ಯವರ್ತಿ ಸಂಸ್ಥೆಯ ಹೆಸರೇ ಮುಂದೆ ನಿಲ್ಲುತ್ತದೆ. ಕೊಂಡ ದಿನವೊಂದು, ಪಟ್ಟಿಗೆ ಏರಿದ ದಿನ ಇನ್ನೊಂದು. ಪರದೇಶದ ನಾಣ್ಯದಲ್ಲಿ ಕೊಂಡುದಾದರೆ ವಿನಿಮಯದ ಶುಲ್ಕವೂ ಅದರ ಮೇಲಿನ ತೆರಿಗೆಯೂ ಸೇರಿ ಮೊತ್ತವೇ ಬದಲಾಗುತ್ತದೆ. ಕಾರ್ಡಿನ ವಾರ್ಷಿಕ ಶುಲ್ಕ, ಒಂದು ತಿಂಗಳು ಪುಕ್ಕಟೆಯೆಂದು ಒಪ್ಪಿ ಮರೆತುಬಿಟ್ಟ ಚಂದಾ, ಮಗನ ಅಥವಾ ಸೊಸೆಯ ಕೈಯಲ್ಲಿರುವ ಉಪಕಾರ್ಡು—ಇವೆಲ್ಲವೂ ಕಳ್ಳನ ವೇಷದಲ್ಲಿ ಕಾಣಿಸಿಕೊಳ್ಳುವುದುಂಟು.

ಇದನ್ನು ವಿಸ್ತರಿಸಿ ಹೇಳುವುದಕ್ಕೆ ಕಾರಣವಿದೆ. ಪಟ್ಟಿಯ ಒಂದು ಸಾಲು ಮನೆಯೊಳಗೆ ಅಪನಂಬಿಕೆಯನ್ನು ಬಿತ್ತಬಲ್ಲುದು. ಹುಡುಗನು ಹೇಳದೆ ಖರ್ಚುಮಾಡಿದನೆಂದು ತಂದೆಯು ಗದರಿಸುತ್ತಾನೆ. ಮನೆಗೆಲಸದವಳು ಕಾರ್ಡನ್ನು ಮುಟ್ಟಿದಳೆಂದು ಇನ್ನೊಬ್ಬರು ಶಂಕಿಸುತ್ತಾರೆ. ಹೋದ ಹಣ ಮರಳಿ ಬಂದೀತು. ಆಡಿದ ಮಾತು ಮರಳಿ ಬಾರದು. ಆದುದರಿಂದ ಯಾರನ್ನೂ ದೂರುವ ಮೊದಲು ಆ ದಿನದ ರಸೀತಿಗಳನ್ನೂ ಮೊಬೈಲಿನ ಸಂದೇಶಗಳನ್ನೂ ಹುಡುಕಿ, ಮನೆಯವರೆಲ್ಲರನ್ನೂ ಸಮಾಧಾನವಾಗಿ ವಿಚಾರಿಸತಕ್ಕದ್ದು. ಆದರೆ ಈ ವಿಚಾರಣೆಯು ಒಂದು ದಿನಕ್ಕೆ ಮೀರಕೂಡದು. ಒಂದೆರಡು ರೂಪಾಯಿಯ ಬಾಬತ್ತೆಂದು ಉಪೇಕ್ಷೆಯೂ ಸಲ್ಲದು. ಕದ್ದ ಕಾರ್ಡು ನಡೆಯುತ್ತದೆಯೋ ಇಲ್ಲವೋ ಎಂದು ವಂಚಕರು ಪರೀಕ್ಷಿಸುವುದು ಅಂತಹ ಅಲ್ಪ ಮೊತ್ತದಿಂದಲೇ.

ಖರ್ಚು ನಮ್ಮದಲ್ಲವೆಂದು ನಿಶ್ಚಯವಾದೊಡನೆ ಕಾರ್ಡನ್ನು ತಡೆಹಿಡಿಯಿಸಬೇಕು. ಅದಕ್ಕೆ ಬೇಕಾದ ದೂರವಾಣಿ ಸಂಖ್ಯೆಯನ್ನು ಕಾರ್ಡಿನ ಹಿಂಬದಿಯಿಂದಲೇ ತೆಗೆದುಕೊಳ್ಳತಕ್ಕದ್ದು. ಅಂತರ್ಜಾಲದಲ್ಲಿ ಹುಡುಕಿದರೆ ವಂಚಕರೇ ಇಟ್ಟ ಸುಳ್ಳು ಸಂಖ್ಯೆ ದೊರೆಯುವ ಭಯವಿದೆ. ದೂರಿನ ಸಂಖ್ಯೆಯನ್ನು ಕೇಳಿ ಬರೆದುಕೊಂಡು, ಅದೇ ದಿನ ಇ-ಮೈಲಿನಿಂದಲೋ ಶಾಖೆಗೆ ಹೋಗಿಯೋ ಲಿಖಿತವಾಗಿ ತಿಳಿಸಬೇಕು. ವಂಚನೆಯಾಗಿದ್ದರೆ 1930 ಎಂಬ ರಾಷ್ಟ್ರೀಯ ಸೈಬರ್ ಸಹಾಯವಾಣಿಗೂ ಹೇಳಬೇಕು.

ತ್ವರೆ ಏಕೆಂದರೆ, ರಿಸರ್ವ್ ಬ್ಯಾಂಕು 2017ರ ಜುಲೈ 6ರ ಸುತ್ತೋಲೆಯಲ್ಲಿ ಗ್ರಾಹಕನ ಹೊಣೆಯನ್ನು ದಿನಗಳ ಲೆಕ್ಕದಲ್ಲಿ ಗೊತ್ತುಪಡಿಸಿತು. ಬ್ಯಾಂಕಿನದೇ ತಪ್ಪಾದರೆ ಗ್ರಾಹಕನಿಗೆ ಹೊಣೆಯೇ ಇಲ್ಲ. ತಪ್ಪು ಬ್ಯಾಂಕಿನದೂ ಅಲ್ಲ, ಗ್ರಾಹಕನದೂ ಅಲ್ಲ, ಮೂರನೆಯವರದು ಎಂದಾದರೆ, ಸಂದೇಶ ಬಂದ ಮೂರು ಕೆಲಸದ ದಿನಗಳೊಳಗೆ ತಿಳಿಸಿದವನಿಗೆ ಹೊಣೆಯಿಲ್ಲ. ನಾಲ್ಕರಿಂದ ಏಳನೆಯ ದಿನದೊಳಗಾದರೆ, 5 ಲಕ್ಷ ರೂಪಾಯಿವರೆಗಿನ ಮಿತಿಯುಳ್ಳ ಕ್ರೆಡಿಟ್ ಕಾರ್ಡಿನವನ ಹೊಣೆ ಹೆಚ್ಚೆಂದರೆ 10,000 ರೂಪಾಯಿ. ಅದಕ್ಕೂ ಮಿಗಿಲಾದ ಮಿತಿಯವನಿಗೆ 25,000. ಏಳು ದಿನ ಕಳೆದ ಮೇಲೆ ಆಯಾ ಬ್ಯಾಂಕಿನ ನೀತಿಯಂತೆ. ಸಂದೇಶ ಬಂದ ದಿನ ಎಣಿಕೆಗೆ ಸೇರದು. ಗುರುವಾರ ಸಂದೇಶ ಬಂದಿತೆನ್ನಿ: ಶುಕ್ರವಾರ ಮೊದಲನೆಯ ದಿನ, ಎರಡನೆಯ ಶನಿವಾರವೂ ಭಾನುವಾರವೂ ರಜೆಯಾದರೆ ಸೋಮವಾರ ಎರಡನೆಯದು, ಮಂಗಳವಾರ ಮೂರನೆಯದು. ತಿಳಿಸಿದ 10 ಕೆಲಸದ ದಿನಗಳೊಳಗೆ ಮೊತ್ತವನ್ನು ತಾತ್ಕಾಲಿಕವಾಗಿ ಜಮೆಮಾಡಬೇಕೆಂದೂ, 90 ದಿನಗಳೊಳಗೆ ದೂರನ್ನು ತೀರ್ಮಾನಿಸಬೇಕೆಂದೂ ಅದೇ ಸುತ್ತೋಲೆಯು ವಿಧಿಸಿತು. ಆದರೆ ಓಟಿಪಿಯನ್ನು ಪರರಿಗೆ ಹೇಳಿದ ಅಲಕ್ಷ್ಯದಿಂದ ನಷ್ಟವಾದರೆ, ಬ್ಯಾಂಕಿಗೆ ತಿಳಿಸುವವರೆಗಿನ ನಷ್ಟ ಗ್ರಾಹಕನದೇ.

ದೂರನ್ನು ಬರೆಯುವ ಕ್ರಮದಲ್ಲಿ ನಮ್ಮ ಪ್ರಾಚೀನರಿಂದ ಕಲಿಯತಕ್ಕದ್ದಿದೆ. ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಈಗಿನ ಬೀದರ ಜಿಲ್ಲೆಯ ಕಲ್ಯಾಣದಲ್ಲಿ, ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಮಿತಾಕ್ಷರವೆಂಬ ವ್ಯಾಖ್ಯಾನವನ್ನು ರಚಿಸಿದನು. ಅದರ ಪ್ರಕಾರ ವ್ಯವಹಾರಕ್ಕೆ ನಾಲ್ಕು ಪಾದಗಳು: ವಾದಿಯ ಭಾಷೆ, ಪ್ರತಿವಾದಿಯ ಉತ್ತರ, ಕ್ರಿಯೆ ಎಂದರೆ ಪ್ರಮಾಣ, ಕೊನೆಗೆ ಸಿದ್ಧಿ. ಭಾಷೆಯು ಸ್ಪಷ್ಟವಾಗಿದ್ದರೆ ಮಾತ್ರ ಉಳಿದ ಮೂರು ಪಾದಗಳು ನೆಟ್ಟಗೆ ನಿಲ್ಲುತ್ತವೆ.

ಆದುದರಿಂದ ಪತ್ರದಲ್ಲಿ ಕಾರ್ಡಿನ ಕೊನೆಯ ನಾಲ್ಕು ಅಂಕಿ, ಬಾಬತ್ತಿನ ದಿನಾಂಕ, ಮೊತ್ತ, ಪಟ್ಟಿಯಲ್ಲಿ ಕಂಡ ಹೆಸರು ಇದ್ದಂತೆಯೇ, ಸಂದೇಶ ಬಂದ ಹೊತ್ತು, ದೂರಿನ ಸಂಖ್ಯೆ—ಇಷ್ಟು ಇರಬೇಕು; ಪೂರ್ಣ ಸಂಖ್ಯೆಯನ್ನಾಗಲಿ ಗುಪ್ತ ಅಂಕಿಗಳನ್ನಾಗಲಿ ಬರೆಯಕೂಡದು. ತಕರಾರಿನ ಸ್ವರೂಪವನ್ನೂ ನಿಜವಾಗಿ ಹೇಳಬೇಕು. ನಾನು ಮಾಡಿದ ಖರ್ಚೇ ಅಲ್ಲವೆಂಬುದು ಒಂದು. ಕೊಂಡೆನು, ಆದರೆ ಸಾಮಾನು ಬರಲಿಲ್ಲ ಅಥವಾ ಎರಡು ಸಲ ಹಣ ಹಿಡಿದರೆಂಬುದು ಇನ್ನೊಂದು. ಎರಡನೆಯದಕ್ಕೆ ಬ್ಯಾಂಕು ವ್ಯಾಪಾರಿಯ ಬ್ಯಾಂಕಿನಿಂದ ಹಣವನ್ನು ಮರಳಿ ಕೇಳುವ ಚಾರ್ಜ್‌ಬ್ಯಾಕ್ ಎಂಬ ಮಾರ್ಗವುಂಟು, ಅದಕ್ಕೂ ಗಡುವುಂಟು. ಎರಡನೆಯದನ್ನು ಮೊದಲನೆಯದೆಂದು ಹೇಳುವುದು ಅಸತ್ಯವೂ ಹೌದು, ಅವಿವೇಕವೂ ಹೌದು.

ಬ್ಯಾಂಕಿನ ಉತ್ತರವೂ ಶಾಸ್ತ್ರಕಾರರು ಹೇಳಿದ ನಾಲ್ಕು ಬಗೆಗಳಲ್ಲಿ ಒಂದಾಗಿರುತ್ತದೆ: ಹೌದೆಂದು ಒಪ್ಪುವ ಸಂಪ್ರತಿಪತ್ತಿ, ಇಲ್ಲವೆನ್ನುವ ಮಿಥ್ಯೆ, ಹೌದಾದರೂ ಬೇರೆ ಕಾರಣವುಂಟೆನ್ನುವ ಕಾರಣೋತ್ತರ, ಹಿಂದೆಯೇ ತೀರ್ಮಾನವಾಗಿದೆಯೆನ್ನುವ ಪ್ರಾಙ್ನ್ಯಾಯ. ‘ಹಣ ಹೋದುದು ನಿಜ, ಆದರೆ ಓಟಿಪಿಯನ್ನು ನೀವೇ ಕೊಟ್ಟಿರಿ’ ಎಂಬುದು ಕಾರಣೋತ್ತರ. ಇಂತಲ್ಲಿ ಪ್ರಮಾಣದ ಭಾರವು ಉತ್ತರ ಹೇಳಿದವನ ಮೇಲೆ ಎಂಬುದು ಮಿತಾಕ್ಷರದ ಮತ. ಗ್ರಾಹಕನ ಹೊಣೆಯನ್ನು ಸಿದ್ಧಪಡಿಸುವ ಭಾರ ಬ್ಯಾಂಕಿನದೆಂದು 2017ರ ಸುತ್ತೋಲೆಯೂ ಹೇಳಿತು. ಎಂಟುನೂರಕ್ಕೂ ಮಿಕ್ಕ ವರ್ಷಗಳ ಅಂತರದಲ್ಲಿ ನ್ಯಾಯಬುದ್ಧಿಯು ಒಂದೇ ತೀರಕ್ಕೆ ಬಂದು ಮುಟ್ಟಿತು.

ನ್ಯಾಯಾಲಯಗಳ ನಡೆಯೂ ಈ ದಿಕ್ಕಿನದೇ. ಎಸ್ಸೆಮ್ಮೆಸ್ಸಿಗೆ ಗ್ರಾಹಕನು ಉತ್ತರಿಸಲಿಲ್ಲವೆಂಬ ಮಾತ್ರದಿಂದ ಬ್ಯಾಂಕು ಹೊಣೆಯಿಂದ ಪಾರಾಗದೆಂದು ಕೇರಳ ಉಚ್ಚ ನ್ಯಾಯಾಲಯವು 2019ರಲ್ಲಿ ಹೇಳಿತು. ಗೌಹಾತಿ ಉಚ್ಚ ನ್ಯಾಯಾಲಯದಿಂದ ಬಂದ ಇನ್ನೊಂದು ಪ್ರಕರಣದಲ್ಲಿ, 24 ಗಂಟೆಗಳೊಳಗೆ ದೂರಿತ್ತ ಗ್ರಾಹಕನಿಗೆ ಸುಮಾರು 94,000 ರೂಪಾಯಿಗಳನ್ನು ಬ್ಯಾಂಕು ಕೊಡಬೇಕೆಂಬ ತೀರ್ಪನ್ನು ಸರ್ವೋಚ್ಚ ನ್ಯಾಯಾಲಯವು 2025ರ ಜನವರಿಯಲ್ಲಿ ಎತ್ತಿಹಿಡಿಯಿತು. ಶೀಘ್ರವಾಗಿ ದೂರಿದುದೇ ಆತನ ಬಲವಾಯಿತು.

ಕಾರ್ಡಿನ ಬಿಲ್ಲನ್ನು ಗ್ರಾಹಕನು ಆಕ್ಷೇಪಿಸಿದರೆ 30 ದಿನಗಳೊಳಗೆ ವಿವರಣೆಯನ್ನೂ, ಬೇಕಾದಲ್ಲಿ ದಾಖಲೆಯನ್ನೂ ಕೊಡಬೇಕೆಂದು, ವಂಚನೆಯೆಂದು ತಕರಾರು ಹೂಡಿದ ಮೊತ್ತದ ಮೇಲೆ ತೀರ್ಮಾನದವರೆಗೆ ಶುಲ್ಕ ಹೇರಕೂಡದೆಂದು ರಿಸರ್ವ್ ಬ್ಯಾಂಕು 2022ರಲ್ಲಿ ನಿರ್ದೇಶಿಸಿತು. ತಕರಾರಿಲ್ಲದ ಉಳಿದ ಮೊತ್ತವನ್ನಾದರೋ ಗಡುವಿನೊಳಗೆ ಕಟ್ಟಿಬಿಡಬೇಕು. ಬ್ಯಾಂಕು 30 ದಿನಗಳಲ್ಲಿ ಉತ್ತರಿಸದಿದ್ದರೆ, ಅಥವಾ ಉತ್ತರವು ಸಮಾಧಾನಕರವಲ್ಲದಿದ್ದರೆ, ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್ ಬಳಿ ಹೋಗಬಹುದು. ಶುಲ್ಕವಿಲ್ಲ, ವಕೀಲರೂ ಬೇಕಿಲ್ಲ. ಅನಂತರ ಜಿಲ್ಲಾ ಗ್ರಾಹಕ ಆಯೋಗದ ಬಾಗಿಲೂ ತೆರೆದೇ ಇದೆ.

ಕಾರ್ಡಿಲ್ಲದವರೂ ನಿಶ್ಚಿಂತರಾಗಿರುವಂತಿಲ್ಲ. 2023ರಲ್ಲಿ ಮಂಗಳೂರಿನಲ್ಲಿ, ಆಸ್ತಿಯ ನೋಂದಣಿಗೆಂದು ಬೆರಳಚ್ಚು ಕೊಟ್ಟು ಬಂದ ಹಲವರ ಉಳಿತಾಯ ಖಾತೆಗಳಿಂದ, ಓಟಿಪಿಯೂ ಇಲ್ಲದೆ, ಆಧಾರ್ ಪಾವತಿಯ ಮಾರ್ಗವಾಗಿ ಹಣ ಹೋದ ದೂರುಗಳು ಪೊಲೀಸರಿಗೆ ಬಂದವು. ಆಧಾರಿನ ಬೆರಳಚ್ಚಿಗೆ ಬೀಗ ಹಾಕಿಡುವ ಅನುಕೂಲವನ್ನು ಪ್ರಾಧಿಕಾರವೇ ಕೊಟ್ಟಿದೆ. ಕಾರ್ಡಿನ ಪರದೇಶ ವ್ಯವಹಾರವನ್ನು ನಮಗೆ ಬೇಡದಾಗ ಮುಚ್ಚಿಡುವ ಸೌಕರ್ಯವನ್ನು ಬ್ಯಾಂಕುಗಳು ಒದಗಿಸಬೇಕೆಂದು 2020ರ ಜನವರಿಯಲ್ಲಿಯೇ ವಿಧಿಯಾಗಿದೆ. ಎರಡನ್ನೂ ಉಪಯೋಗಿಸಿಕೊಳ್ಳುವುದು ಜಾಣತನ.

ವೃದ್ಧರಾದವರು ಮೋಸಹೋದುದನ್ನು ಮಕ್ಕಳಿಗೆ ಹೇಳಲು ನಾಚಿ ದಿನಗಳನ್ನು ಕಳೆಯುವುದುಂಟು. ನಾಚಬೇಕಾದವನು ಕದ್ದವನು. ತಿಂಗಳಿಗೊಂದು ಸಂಜೆ ಮನೆಯವರೆಲ್ಲರೂ ಕೂಡಿ ಕುಳಿತು ಪಟ್ಟಿಯನ್ನು ಗಟ್ಟಿಯಾಗಿ ಓದಲಿ. ಪರಿಚಿತ ಬಾಬತ್ತಿಗೆ ಗುರುತು ಹಾಕಲಿ. ಉಳಿದುದನ್ನು ಮರುದಿನವೇ ಪ್ರಶ್ನಿಸಲಿ. ಅರ್ಧ ಗಂಟೆಯ ಈ ಅಭ್ಯಾಸದಿಂದ ಹಣವೂ ಉಳಿದೀತು, ಮನೆಯ ಪರಸ್ಪರ ವಿಶ್ವಾಸವೂ ಉಳಿದೀತು.