ಬಹುಮತ ಎಣಿಸೋದು ಸದನದಲ್ಲಿ, ರೆಸಾರ್ಟ್‌ನಲ್ಲಲ್ಲ

'ಡೆಸಿಗ್ನೇಟೆಡ್ ಸರ್ವೈವರ್' ಸೀರೀಸ್ ನೋಡಿದೀರಾ? ಅಮೆರಿಕದ ಸಂಸತ್ ಭವನ ಸ್ಫೋಟಗೊಂಡು ಅಧ್ಯಕ್ಷರೂ ಸಾಯುತ್ತಾರೆ. ಬದುಕುಳಿದ ಒಬ್ಬ ಮಂತ್ರಿಯ ಹೆಗಲಿಗೆ ದೇಶ ಬೀಳುತ್ತೆ. ಇಂಥ ಕಥೆಗಳಲ್ಲಿ ಬಿಕ್ಕಟ್ಟು ಬಗೆಹರಿಯೋಕೆ ಒಬ್ಬ ಒಳ್ಳೆ ನಾಯಕ ಸಾಕು. ನಮ್ಮ ಸಂವಿಧಾನ ಯಾರೊಬ್ಬರ ಒಳ್ಳೆತನವನ್ನೂ ನಂಬಿ ಕೂತಿಲ್ಲ. ಅದು ಲೆಕ್ಕ ಕೇಳುತ್ತೆ.

2018ರ ಮೇ ತಿಂಗಳಲ್ಲಿ ಆ ಲೆಕ್ಕವನ್ನ ನಾವೆಲ್ಲ ಟಿವಿಯಲ್ಲಿ ನೋಡಿದ್ವಿ. ಬಿಜೆಪಿ 104, ಕಾಂಗ್ರೆಸ್ 78, ಜೆಡಿಎಸ್ 37. ಚಿತ್ರದುರ್ಗ ಜಿಲ್ಲೆಯ ಅಕ್ಕಪಕ್ಕದ ಎರಡು ಎಸ್‌ಟಿ ಮೀಸಲು ಕ್ಷೇತ್ರಗಳೇ ಎದುರುಬದುರಾಗಿದ್ವು: ಚಳ್ಳಕೆರೆ ಗೆಲ್ಲಿಸಿದ್ದು ಕಾಂಗ್ರೆಸ್ಸಿನ ಟಿ. ರಘುಮೂರ್ತಿಯವರನ್ನ, ಮೊಳಕಾಲ್ಮೂರು ಬಿಜೆಪಿಯ ಬಿ. ಶ್ರೀರಾಮುಲು ಅವರನ್ನ.

ರಾಜ್ಯಪಾಲ ವಜುಭಾಯಿ ವಾಲಾ ಸರ್ಕಾರ ರಚಿಸಲು ಯಡಿಯೂರಪ್ಪನವರನ್ನ ಕರೆದು, ಬಹುಮತ ಸಾಬೀತಿಗೆ 15 ದಿನ ಕೊಟ್ಟರು. ಕಾಂಗ್ರೆಸ್, ಜೆಡಿಎಸ್ ರಾತ್ರೋರಾತ್ರಿ ಸುಪ್ರೀಂ ಕೋರ್ಟಿಗೆ ಹೋದವು. ಪ್ರಮಾಣವಚನಕ್ಕೆ ತಡೆ ಸಿಗಲಿಲ್ಲ. ಆದರೆ ಮೇ 19ರ ಸಂಜೆ 4ಕ್ಕೇ ವಿಶ್ವಾಸಮತ ಅಂತ ಕೋರ್ಟ್ ಹೇಳಿತು. ಕಲಾಪ ನೇರ ಪ್ರಸಾರವಾಯ್ತು. ಮತಕ್ಕೆ ಹಾಕುವ ಮೊದಲೇ ಯಡಿಯೂರಪ್ಪ ರಾಜೀನಾಮೆ ಘೋಷಿಸಿದರು.

ಇದರ ಹಿಂದಿನ ತತ್ವ ಹುಟ್ಟಿದ್ದೂ ಕರ್ನಾಟಕದ ಕೇಸಿನಿಂದಲೇ. 1989ರಲ್ಲಿ ಎಸ್.ಆರ್. ಬೊಮ್ಮಾಯಿ ಅವರಿಗೆ ಸದನದಲ್ಲಿ ಬಲ ತೋರಿಸೋ ಅವಕಾಶ ಕೊಡದೆ ಸರ್ಕಾರವನ್ನ ವಜಾ ಮಾಡಲಾಯ್ತು. 1994ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠ ಸ್ಪಷ್ಟವಾಗಿ ಹೇಳಿತು: ಬಹುಮತ ಪರೀಕ್ಷೆಯಾಗಬೇಕಾದ್ದು ಸದನದಲ್ಲಿ, ರಾಜ್ಯಪಾಲರ ಅಂದಾಜಿನಲ್ಲಲ್ಲ.

ಹಾಗಾದ್ರೆ ನಿಯಮ ಗೆದ್ದಿತಾ? ಪೂರ್ತಿ ಅಲ್ಲ. 2019ರ ಜುಲೈ 23ರಂದು ಕುಮಾರಸ್ವಾಮಿ ಸರ್ಕಾರ 99–105 ಮತಗಳಲ್ಲಿ ಬಿತ್ತು. ಎಣಿಕೆ ಸದನದಲ್ಲೇ ಆಯ್ತು, ಆಟ ನಡೆದಿದ್ದು ಹೊರಗೆ. ಪಕ್ಷದ ವಿರುದ್ಧ ಮತ ಹಾಕಿದರೆ ಪಕ್ಷಾಂತರ ನಿಷೇಧ ಕಾಯ್ದೆ ಹಿಡಿಯುತ್ತೆ. ಅದಕ್ಕೇ ಶಾಸಕರು ರಾಜೀನಾಮೆ ಬರೆದುಕೊಟ್ಟು ಸದನಕ್ಕೇ ಬರಲಿಲ್ಲ. ಹಾಜರಿ ಇಳಿದ್ರೆ ಗೆಲ್ಲೋಕೆ ಬೇಕಾದ ಸಂಖ್ಯೆಯೂ ಇಳಿಯುತ್ತೆ. ಸ್ಪೀಕರ್ ಅವರನ್ನ ಅನರ್ಹಗೊಳಿಸಿದರು. ಕೋರ್ಟ್ ಅನರ್ಹತೆ ಎತ್ತಿಹಿಡಿದರೂ ಮತ್ತೆ ಸ್ಪರ್ಧಿಸಲು ಬಿಟ್ಟಿತು. ಡಿಸೆಂಬರಿನ ಉಪಚುನಾವಣೆಯಲ್ಲಿ 15ರಲ್ಲಿ 12 ಕ್ಷೇತ್ರ ಬಿಜೆಪಿ ಪಾಲಾದವು.

ಅಂದ್ರೆ ಕೊನೆಯ ತೀರ್ಪು ಮತದಾರರ ಕೈಗೇ ಬಂದಿತ್ತು. ನನಗೆ ಮುಖ್ಯ ಅನ್ಸೋದು ಇದೇ. ರೆಸಾರ್ಟಿನ ಬಸ್ಸಿನ ಹಿಂದೆ ಓಡೋ ಕ್ಯಾಮೆರಾ ಈ ಲೆಕ್ಕ ಹೇಳಲ್ಲ. ಚಳ್ಳಕೆರೆಯವರಾಗಲಿ, ಮೊಳಕಾಲ್ಮೂರಿನವರಾಗಲಿ, ಮುಂದಿನ ಸಲ ಓಟು ಕೇಳೋಕೆ ಬಂದವರಿಗೆ ರಸ್ತೆ, ನೀರಿನ ಜೊತೆ ಇನ್ನೊಂದು ಪ್ರಶ್ನೆಯನ್ನೂ ಹಾಕಿ: ಐದು ವರ್ಷ ಮುಗಿಯೋ ಮುಂಚೆ ಈ ಸೀಟು ಬಿಡೋದಾದ್ರೆ, ನಮ್ಮನ್ನ ಕೇಳಿ ಬಿಡ್ತೀರಾ?